ರಕ್ತದ ಬಾಟಲಿ ಹೊತ್ತ ಡಾಕ್ಟರ್

ಕಲಬುರಗಿಯ ಒಂದು ಬ್ಲಡ್ ಬ್ಯಾಂಕಿನಲ್ಲಿ ನಾನು ಟೆಕ್ನಿಷಿಯನ್. ಬೇಸಿಗೆಯಲ್ಲಿ ರಕ್ತ ಕೊಡುವವರು ಕಮ್ಮಿ. ನಮ್ಮ ಬಿಸಿಲು ನಿಮಗೆ ಗೊತ್ತೇ ಇದೆ ಅಲ್ವಾ? ಫ್ರಿಜ್ ಖಾಲಿಯಾದಾಗೆಲ್ಲ ನನಗೆ ನಾರ್ಮನ್ ಬೆಥೂನ್ ನೆನಪಾಗುತ್ತಾರೆ.

ಕೆನಡಾದವರು. ಮೆಡಿಕಲ್ ಓದು ಅರ್ಧಕ್ಕೆ ಬಿಟ್ಟು 1914ರಲ್ಲಿ ಸೈನ್ಯಕ್ಕೆ ಸೇರಿದರು, ಗಾಯಾಳುಗಳ ಸ್ಟ್ರೆಚರ್ ಹೊರುವ ಕೆಲಸಕ್ಕೆ. ಮರುವರ್ಷ ಬೆಲ್ಜಿಯಂನಲ್ಲಿ ಶೆಲ್ ಚೂರು ಕಾಲಿಗೆ ಹೊಕ್ಕಿತು. ಊರಿಗೆ ಮರಳಿ 1916ರಲ್ಲಿ ಡಾಕ್ಟರಾದರು.

ನನಗೆ ಜಾಸ್ತಿ ಇಷ್ಟ 1936ರ ಸ್ಪೇನ್ ಕಥೆ. ಅಲ್ಲಿ ಅಂತರ್ಯುದ್ಧ. ಮ್ಯಾಡ್ರಿಡ್ ಜನರಿಂದ ರಕ್ತ ಪಡೆದು, ಹೆಪ್ಪುಗಟ್ಟದಂತೆ ಸೋಡಿಯಂ ಸಿಟ್ರೇಟ್ ಬೆರೆಸಿ, ಬಾಟಲಿಗಳನ್ನು ತಣ್ಣಗಿಟ್ಟು, ಗಾಡಿಯಲ್ಲಿ ಯುದ್ಧ ನಡೆಯುವಲ್ಲಿಗೇ ಒಯ್ದರು. ಗಾಯಾಳು ಆಸ್ಪತ್ರೆಗೆ ಬರುವ ತನಕ ಜೀವ ಉಳಿಯಬೇಕಲ್ಲ! ಇವತ್ತಿಗೂ ನಮ್ಮ ಬ್ಯಾಗಿನಲ್ಲಿ ಮೊದಲೇ ತುಂಬಿರುವ ತಿಳಿ ದ್ರಾವಣದಲ್ಲಿ ಸಿಟ್ರೇಟ್ ಇರುತ್ತದೆ. ರಕ್ತ ಇಳಿಯುವಾಗ ಬ್ಯಾಗನ್ನು ಮೆಲ್ಲಗೆ ಅಲುಗಾಡಿಸುವುದು ಸುಮ್ನೆ ಅಲ್ಲ, ಅದು ಚೆನ್ನಾಗಿ ಬೆರೆಯಲಿ ಅಂತ.

1938ರಲ್ಲಿ ಚೀನಾಕ್ಕೆ ಹೋದರು. ಅಲ್ಲಿ ಗ್ಲೌಸ್ ಇಲ್ಲದೆ ಆಪರೇಷನ್ ಮಾಡುವಾಗ ಬೆರಳು ಕೊಯ್ದುಕೊಂಡು, ನಂಜೇರಿ, 1939ರ ನವೆಂಬರ್ 12ರಂದು ತೀರಿಕೊಂಡರು. ಅವರ ಹೆಸರಿನ ಆಸ್ಪತ್ರೆಗೆ 1941ರಲ್ಲಿ ಮುಖ್ಯಸ್ಥರಾದವರು ಯಾರು ಗೊತ್ತಾ? ನಮ್ಮ ಪಕ್ಕದ ಸೊಲ್ಲಾಪುರದ ಡಾ. ದ್ವಾರಕಾನಾಥ ಕೋಟ್ನಿಸ್!

ಗ್ಲೌಸ್ ಹಾಕದ ಹೊಸ ಹುಡುಗರಿಗೆ ಈ ಕಥೆ ಹೇಳಿಯೇ ಬೈಯುತ್ತೇನೆ. ಪಾಪ, ಅವರಿಗೆ ಸೊಲ್ಲಾಪುರ ಅಂದರೆ ಚಾದರ ಅಷ್ಟೇ ಗೊತ್ತು.