ಆ ಹುಡುಗನ ಕೈಗೆ ಗೊತ್ತಾಗಿತ್ತು

"ಹಳೇ ಗಾಡಿಗೆ ಇಷ್ಟೆಲ್ಲ ಯಾಕೆ ಸಾರ್? ಬೋಲ್ಟ್ ಹತ್ತಿದರೆ ಆಯ್ತಲ್ಲ."

ಈ ಮಾತು ವಾರವಿಡೀ ತಲೆಯಲ್ಲಿ ಸುತ್ತುತ್ತಿದೆ. ಹೇಳಿದವರು ರಿಮ್ ಮಾರುವ ಅಂಗಡಿಯ ಯಜಮಾನರು. ಮನುಷ್ಯ ಕೆಟ್ಟವರೇನಲ್ಲ. ಕೂರಿಸಿ ಮಾತಾಡಿಸಿದರು, ಅವಸರ ಮಾಡಲಿಲ್ಲ, ಗೋಡೆಗೆ ನೇತುಹಾಕಿದ್ದ ರಿಮ್‌ಗಳನ್ನು ಒಂದೊಂದಾಗಿ ಇಳಿಸಿ ತೋರಿಸಿದರು. ಆದರೂ ಆ ಮಾತಿಗೆ ಬಂದ ಸಿಟ್ಟು ಇನ್ನೂ ಪೂರ್ತಿ ಇಳಿದಿಲ್ಲ. ಯಾಕೆ ಅಂತ ಬರೆದರೆ ನನಗೇ ಸರಿಯಾಗಿ ಗೊತ್ತಾಗಬಹುದು.

ನನ್ನದು ಹಳೇ ಫಿಯಟ್ ಊನೋ ಕಾರು. ಎಂಜಿನ್ ಚೆನ್ನಾಗಿದೆ, ಗೇರ್ ಚೆನ್ನಾಗಿದೆ, ತೊಂದರೆ ಇದ್ದದ್ದು ಸ್ಟೀಲ್ ರಿಮ್‌ಗಳಲ್ಲಿ. ಟೈರಿನ ಬೀಡ್, ಅಂದರೆ ಒಳ ಅಂಚಿನ ಗಟ್ಟಿ ಬಳೆ, ಕೂರುವ ರಿಮ್‌ನ ಅಂಚು ತುಕ್ಕು ಹಿಡಿದು ಗಾಳಿ ನಿಧಾನಕ್ಕೆ ಸೋರುತ್ತಿತ್ತು. ಒಂದು ರಿಮ್‌ನ ಒಳ ಅಂಚು ಗುಂಡಿಗೆ ಬಿದ್ದು ಬೆಂಡ್ ಆಗಿತ್ತು. ಟ್ಯೂಬ್‌ಲೆಸ್ ಟೈರಿಗೆ ಆ ಅಂಚೇ ಎಲ್ಲ. ಅದು ದುಂಡಗೆ, ನುಣ್ಣಗೆ ಇಲ್ಲದಿದ್ದರೆ ಎಷ್ಟು ಸಲ ಗಾಳಿ ಹೊಡೆಸಿದರೂ ಅಷ್ಟೇ. ಬೇರೆ ರಿಮ್ ಹಾಕಿಸಲೇಬೇಕಿತ್ತು.

ಹೋಗುವ ಮುಂಚೆ ಒಂದು ಚೀಟಿಯಲ್ಲಿ ಅಳತೆಗಳನ್ನೆಲ್ಲ ಬರೆದುಕೊಂಡಿದ್ದೆ. ನಾಲ್ಕು ಬೋಲ್ಟ್. ಪಿ.ಸಿ.ಡಿ. 98 ಮಿ.ಮೀ., ಅಂದರೆ ನಾಲ್ಕೂ ಬೋಲ್ಟ್‌ಗಳ ನಡುಬಿಂದು ಸೇರಿಸಿ ಒಂದು ವೃತ್ತ ಎಳೆದರೆ ಅದರ ಅಡ್ಡಳತೆ. ಹಬ್‌ನ, ಅಂದರೆ ಗಾಡಿಯಲ್ಲಿ ರಿಮ್ ಕೂರುವ ಭಾಗದ, ಮಧ್ಯದ ಉಬ್ಬು 58.1 ಮಿ.ಮೀ. ಬೋಲ್ಟ್ ಎಂ12, ಅಂದರೆ 12 ಮಿ.ಮೀ. ದಪ್ಪ, ಥ್ರೆಡ್‌ನ ಸುತ್ತಿಗೂ ಸುತ್ತಿಗೂ ದೂರ 1.25 ಮಿ.ಮೀ. ಟೈರ್ 155/70 ಆರ್13, ಅಂದರೆ ಅಗಲ 155 ಮಿ.ಮೀ., ಪಕ್ಕದ ಗೋಡೆಯ ಎತ್ತರ ಅದರ ಶೇಕಡಾ 70, ರಿಮ್ 13 ಇಂಚು. ಇಷ್ಟು ಸರಿಹೊಂದಿದರೆ ಮಾತ್ರ ಮುಂದಿನ ಮಾತು ಅಂದುಕೊಂಡಿದ್ದೆ. ನಾಲ್ಕು ತೂತಿನ ರಿಮ್‌ನಲ್ಲಿ ಪಿ.ಸಿ.ಡಿ. ಅಳೆಯುವುದು ಸುಲಭ. ಒಂದು ತೂತಿನ ಹೊರ ಅಂಚಿನಿಂದ ಎದುರಿನ ತೂತಿನ ಒಳ ಅಂಚಿನವರೆಗೆ ಅಳೆದರೆ ಸಾಕು, ನಡುವಿನಿಂದ ನಡುವಿಗೆ ಇರುವ ದೂರವೇ ಸಿಗುತ್ತದೆ. ಐದು ತೂತಿದ್ದರೆ ನೇರ ಎದುರಿಗೆ ತೂತು ಇರುವುದಿಲ್ಲ, ಆಗ ಅಕ್ಕಪಕ್ಕದ ಎರಡು ತೂತುಗಳ ನಡುವಿನ ದೂರವನ್ನು 1.701ರಿಂದ ಗುಣಿಸಬೇಕು.

ಅವರು ತೋರಿಸಿದ್ದು 14 ಇಂಚಿನ ಅಲಾಯ್, ಅಂದರೆ ಅಲ್ಯೂಮಿನಿಯಂ ಮಿಶ್ರಲೋಹದ ರಿಮ್. ನೋಡಲು ನಿಜಕ್ಕೂ ಚೆಂದ. ತಿರುಗಿಸಿ ನೋಡಿದರೆ ಹಿಂದೆ ಎರಕದಲ್ಲೇ ಬರೆದಿತ್ತು, 4 ತೂತು, 100 ಮಿ.ಮೀ., ಮಧ್ಯದ ತೂತು 73.1. ನಾನು ಚೀಟಿ ಮುಂದಿಟ್ಟೆ. "ನಿಮ್ಮದು ನೂರು, ನನ್ನದು ತೊಂಬತ್ತೆಂಟು" ಅಂದೆ. "ಎರಡು ಮಿಲಿಮೀಟರ್‌ನಲ್ಲಿ ಏನಿದೆ ಸಾರ್, ಹಾಕಿ ತೋರಿಸ್ತೀನಿ" ಅಂದರು. ಹುಡುಗನನ್ನು ಕರೆದರು. ಅವನು ಜಾಕಿ ಕೊಟ್ಟು ನನ್ನ ಮುಂದಿನ ಚಕ್ರ ಬಿಚ್ಚಿದ.

ರಿಮ್ ಹಬ್ ಮೇಲೆ ಸಲೀಸಾಗಿ ಹೋಯಿತು. ಹೋಗದೆ ಏನು, 58.1ರ ಹಬ್ ಮೇಲೆ 73.1ರ ತೂತು, ಸುತ್ತಲೂ ಏಳೂವರೆ ಮಿಲಿಮೀಟರ್ ಖಾಲಿ. ಎಲ್ಲ ಗಾಡಿಗೂ ಹೋಗಲಿ ಅಂತಲೇ ಕಂಪನಿಗಳು ಹೀಗೆ ದೊಡ್ಡ ತೂತು ಬಿಟ್ಟಿರುತ್ತವೆ. ಆ ಖಾಲಿ ಜಾಗಕ್ಕೆ ಸರಿಯಾದ ಅಳತೆಯ ಉಂಗುರ ಹಾಕಬೇಕು, ಆಗ ರಿಮ್ ಹಬ್‌ನ ನಡುವಿಗೆ ಕೂರುತ್ತದೆ. ಉಂಗುರದ ಮಾತೇ ಅಲ್ಲಿ ಬರಲಿಲ್ಲ. ಹುಡುಗ ಮೊದಲ ಬೋಲ್ಟ್ ಕೈಯಲ್ಲೇ ತಿರುಗಿಸಿದ, ಕೊನೆಯವರೆಗೂ ಹೋಯಿತು. ಎದುರಿನದನ್ನು ಹಾಕಿದ. ಅದೂ ಸುತ್ತುತ್ತಾ ಹೋಗಿ, ಇನ್ನೇನು ಕೂರಬೇಕು ಅನ್ನುವಾಗ ನಿಂತಿತು. ಹುಡುಗ ಕೈ ತೆಗೆದು, ಸ್ವಲ್ಪ ಹಿಂದಕ್ಕೆ ತಿರುಗಿಸಿ, ಮತ್ತೆ ಮುಂದಕ್ಕೆ ತಿರುಗಿಸಿ ನೋಡಿದ. ಆಮೇಲೆ ಯಜಮಾನರ ಕಡೆ ತಿರುಗಿ "ಇದು ಹಿಡೀತಿದೆ ಅಣ್ಣ" ಅಂದ.

ಯಜಮಾನರು ಚಕ್ರದ ಕಡೆ ನೋಡಲೂ ಇಲ್ಲ. "ಗನ್ ಹಾಕೋ, ಕೂತ್ಕೊಳ್ಳುತ್ತೆ" ಅಂದರು. ಗನ್ ಅಂದರೆ ಬೋಲ್ಟ್‌ಗಳನ್ನು ಜೋರಾಗಿ ಬಿಗಿಯುವ ಮೆಷಿನ್.

ನಾನು ಬೇಡ ಅಂದೆ. ಆಗ ಬಂದದ್ದು ಮೇಲಿನ ಆ ಮಾತು.

ನಾನು ಬಗ್ಗಿ ನೋಡಿದೆ. ಬೋಲ್ಟ್ ತಲೆಯ ಕೆಳಗಿನ ಓರೆ ಭಾಗ ರಿಮ್‌ನ ಸೀಟಿಗೆ ಒಂದೇ ಕಡೆ ತಾಗಿತ್ತು. ಇನ್ನೊಂದು ಕಡೆ ಕೂದಲೆಳೆಯಷ್ಟು ಸಂದು ಕಾಣುತ್ತಿತ್ತು. ಲೆಕ್ಕ ನೋಡಿದರೆ ಹಾಗೇ ಆಗಬೇಕು. ವೃತ್ತದ ಅಡ್ಡಳತೆಯಲ್ಲಿ ಎರಡು ಮಿಲಿಮೀಟರ್ ವ್ಯತ್ಯಾಸ ಅಂದರೆ ಒಂದೊಂದು ತೂತು ಒಂದೊಂದು ಮಿಲಿಮೀಟರ್ ಆಚೆ. ಒಂದು ಬೋಲ್ಟನ್ನು ಪೂರ್ತಿ ಬಿಗಿದರೆ ರಿಮ್ ಅದರ ಕಡೆಗೆ ಎಳೆದುಕೊಳ್ಳುತ್ತದೆ, ಎದುರಿನ ಬೋಲ್ಟ್‌ಗೆ ಎರಡೂ ಮಿಲಿಮೀಟರ್ ಉಳಿಯುತ್ತದೆ. ಅಲ್ಲಿ ಗನ್ ಹಾಕಿದರೆ ಕೂರುತ್ತದೆ, ನಿಜ. ಬೋಲ್ಟ್ ಸ್ವಲ್ಪ ಬಾಗಿ, ಅಲ್ಯೂಮಿನಿಯಂ ಸ್ವಲ್ಪ ತಿಂದು ಕೂರುತ್ತದೆ. ಪಾನಾಕ್ಕೆ ಬಿಗಿ ಅನ್ನಿಸುತ್ತದೆ, ಆದರೆ ಬಲದಲ್ಲಿ ಸುಮಾರು ಭಾಗ ಆ ಉಜ್ಜಾಟಕ್ಕೇ ಹೋಗಿರುತ್ತದೆ, ರಿಮ್ಮನ್ನು ಹಬ್‌ಗೆ ಒತ್ತಿ ಹಿಡಿಯುವ ಬಿಗಿ ಅಷ್ಟಿರುವುದಿಲ್ಲ. ಗಾಡಿ ಓಡಿದಂತೆ ಆ ಬೋಲ್ಟ್ ಪ್ರತಿ ಸುತ್ತಿಗೂ ಒಂದಿಷ್ಟು ಬಾಗಿ ಬಾಗಿ ದಣಿಯುತ್ತದೆ. ಸಡಿಲವಾಗಬಹುದು, ಕೊನೆಗೆ ತುಂಡಾಗಲೂಬಹುದು.

ಇನ್ನೊಂದು ಸಂಗತಿ ಇದೆ, ಇದು ತುಂಬಾ ಜನಕ್ಕೆ ತಲೆನೋವು ಕೊಡುತ್ತದೆ. ಹೀಗೆ ನಡು ತಪ್ಪಿ ಕೂತ ಚಕ್ರ ವೇಗದಲ್ಲಿ ಸ್ಟೀರಿಂಗ್ ನಡುಗಿಸುತ್ತದೆ. ಬ್ಯಾಲೆನ್ಸಿಂಗ್‌ಗೆ ಒಯ್ದರೆ ಮೆಷಿನ್ ಸೊನ್ನೆ ತೋರಿಸುತ್ತದೆ. ಯಾಕಂದರೆ ಮೆಷಿನ್ ಸಾಮಾನ್ಯವಾಗಿ ರಿಮ್ಮನ್ನು ಮಧ್ಯದ ತೂತಿನಿಂದ ಹಿಡಿಯುತ್ತದೆ, ಗಾಡಿಯಲ್ಲಿ ಅದು ಬೋಲ್ಟ್‌ಗಳ ಮೇಲೆ ಓರೆಯಾಗಿ ನಿಂತಿರುತ್ತದೆ. ಜನ ಮತ್ತೆ ಮತ್ತೆ ಬ್ಯಾಲೆನ್ಸಿಂಗ್ ಮಾಡಿಸುತ್ತಾರೆ, ಟೈರ್ ಬದಲಾಯಿಸುತ್ತಾರೆ, ಕೊನೆಗೆ "ಹಳೇ ಗಾಡಿ, ಹಾಗೇ" ಅಂತ ಬಿಟ್ಟುಬಿಡುತ್ತಾರೆ. ಪಾಪ, ಗಾಡಿಯ ತಪ್ಪೇನು?

98 ಮತ್ತು 100ರ ನಡುವೆ ಸೇತುವೆ ಹಾಕುವ ದಾರಿಯೇ ಇಲ್ಲ ಅಂತ ನಾನು ಹೇಳುವುದಿಲ್ಲ. ಓರೆ ಭಾಗ ಬಿಡಿಯಾಗಿ, ಒಂದು ಮಿಲಿಮೀಟರ್‌ನಷ್ಟು ಸರಿದುಕೊಳ್ಳುವ ಬೋಲ್ಟ್‌ಗಳು ಇದಕ್ಕೆಂದೇ ಬರುತ್ತವೆ. ಒಳ್ಳೆ ಕಂಪನಿಯವು, ಸರಿಯಾದ ಉದ್ದದವು, ಜೊತೆಗೆ ಹಬ್ ಉಂಗುರ ಇದ್ದರೆ ಕೆಲಸ ಮಾಡುತ್ತವೆ. ಅವರು ಅದನ್ನಾದರೂ ಹೇಳಿದ್ದರೆ ಕೂತು ಮಾತಾಡುತ್ತಿದ್ದೆ. ಹೇಳಿದ್ದು ಗನ್ ಹಾಕು ಅಂತ.

ಆದರೆ ನಿಜ ಹೇಳಬೇಕೆಂದರೆ ನನಗೆ ಕಾಡುತ್ತಿರುವುದು ರಿಮ್‌ಗಿಂತ ಜಾಸ್ತಿ ಆ ಹುಡುಗ. ಅವನ ಹತ್ತಿರ ಚೀಟಿ ಇರಲಿಲ್ಲ, 98 ಅಂತ ಯಾರೂ ಅವನಿಗೆ ಹೇಳಿರಲಿಲ್ಲ. ಬರೀ ಬೆರಳಿಗೆ ಬೋಲ್ಟ್ ಸರಿಯಾಗಿ ಕೂರುತ್ತಿಲ್ಲ ಅಂತ ಗೊತ್ತಾಯಿತು, ಗೊತ್ತಾದದ್ದನ್ನು ಹೇಳಿಯೂ ಹೇಳಿದ. ಒಳ್ಳೆ ಮೆಕ್ಯಾನಿಕ್ ಆಗಲು ಬೇಕಾದ ಮೊದಲ ಗುಣ ಅದೇ ಅಲ್ವಾ? ಆ ಗುಣಕ್ಕೆ ಅಲ್ಲಿ ಸಿಕ್ಕಿದ ಉತ್ತರ "ಗನ್ ಹಾಕೋ". ಇವತ್ತು ನಾನು ಬೇಡ ಅಂದೆ. ನಾಳೆ ಬರುವ ಗಿರಾಕಿಗೆ ಇದೆಲ್ಲ ಗೊತ್ತಿರುವುದಿಲ್ಲ, ಗೊತ್ತಿರಬೇಕಾಗಿಯೂ ಇಲ್ಲ, ನಂಬಿ ಬಂದಿರುತ್ತಾರೆ. ಹುಡುಗ ಇನ್ನೊಂದಿಷ್ಟು ಸಲ "ಹಿಡೀತಿದೆ ಅಣ್ಣ" ಅನ್ನುತ್ತಾನೆ. ಆಮೇಲೆ ಅನ್ನುವುದು ಬಿಡುತ್ತಾನೆ. ಅದಾದ ಮೇಲೆ ಬೆರಳಿಗೆ ಗೊತ್ತಾಗುವುದೂ ನಿಂತುಹೋಗುತ್ತದೆ. ಯಾವ ಕೆಲಸದಲ್ಲಾದರೂ ಹೀಗೇ ನಡೆಯುತ್ತದೆ, ಆಫೀಸಿನಲ್ಲಿ ಲೆಕ್ಕ ಹೊಂದುತ್ತಿಲ್ಲ ಅಂತ ಹೇಳಿದ ಹೊಸಬರಿಗೆ "ಸುಮ್ನೆ ಕಳಿಸಿಬಿಡಿ" ಅನ್ನುವ ಮೇಲಿನವರನ್ನು ನಾನೂ ನೋಡಿದ್ದೇನೆ. ಹೊಸಬರು ತಿದ್ದಿಕೊಳ್ಳುವುದು ಲೆಕ್ಕವನ್ನಲ್ಲ, ತಮ್ಮ ಕಣ್ಣನ್ನು.

ಹಳೇ ಗಾಡಿ ಅನ್ನುವ ವಾದವೂ ನನಗೆ ತಲೆಕೆಳಗಾಗಿ ಕಾಣುತ್ತದೆ. ಹಳೆಯದಕ್ಕೇ ಅಳತೆ ಜಾಸ್ತಿ ಸರಿ ಇರಬೇಕು. ನನ್ನ ಗಾಡಿಯಲ್ಲಿ ಎ.ಬಿ.ಎಸ್. (ಬ್ರೇಕ್ ಹಾಕಿದಾಗ ಚಕ್ರ ಕಚ್ಚಿಕೊಳ್ಳದಂತೆ ತಡೆಯುವ ವ್ಯವಸ್ಥೆ) ಇಲ್ಲ, ಜಾರಿದರೆ ಹಿಡಿಯುವ ಎಲೆಕ್ಟ್ರಾನಿಕ್ಸ್ ಇಲ್ಲ. ಬುಷ್ ಮೊದಲಿನಷ್ಟು ಗಟ್ಟಿಯಿಲ್ಲ, ಬೇರಿಂಗ್ ವರ್ಷಗಟ್ಟಲೆ ಭಾರ ಹೊತ್ತಿದೆ. ಅದರ ಮೇಲೆ ತಪ್ಪು ರಿಮ್ ಹೇರಿದರೆ ತಡೆಯುವವರು ಯಾರು?

ಆಫ್‌ಸೆಟ್ ತೆಗೆದುಕೊಳ್ಳಿ. ರಿಮ್ ಹಬ್‌ಗೆ ತಾಗುವ ಮುಖ, ರಿಮ್‌ನ ಅಗಲದ ನಡುಗೆರೆಯಿಂದ ಎಷ್ಟು ದೂರ ಅನ್ನುವ ಅಳತೆ. ರಿಮ್ ಮೇಲೆ ಇ.ಟಿ. ಅಂತ ಬರೆದಿರುತ್ತದೆ. 5 ಇಂಚಿನ ರಿಮ್ ಬದಲು 6 ಇಂಚಿನದು ಹಾಕಿದರೆ, ಇ.ಟಿ. ಅಷ್ಟೇ ಇದ್ದರೂ, ಒಳಗೂ ಹೊರಗೂ 12.7 ಮಿ.ಮೀ. ಬೆಳೆಯುತ್ತದೆ. ಇ.ಟಿ. 15 ಕಡಿಮೆಯಾದರೆ ಇಡೀ ಚಕ್ರ ಇನ್ನೂ 15 ಮಿ.ಮೀ. ಹೊರಗೆ. ಎರಡೂ ಸೇರಿದರೆ ಹೊರ ಅಂಚು 27.7 ಮಿ.ಮೀ. ಆಚೆ ಬಂತು. ಜಾಕಿ ಮೇಲೆ ನಿಂತ ಗಾಡಿಯಲ್ಲಿ ಇದು ಕಾಣುವುದಿಲ್ಲ. ಹಿಂದೆ ಮೂವರು ಕೂತು, ಉಬ್ಬು ದಾಟುವಾಗ ಟೈರ್ ಮಡ್‌ಗಾರ್ಡ್‌ಗೆ ಉಜ್ಜುತ್ತದೆ. ಸನ್ನೆಕೋಲು ಹಾಕಿ ಮೀಟಿದ ಹಾಗೆ ಬೇರಿಂಗ್ ಮೇಲೆ ಬೀಳುವ ಭಾರವೂ ಏರುತ್ತದೆ, ಒರಟು ರಸ್ತೆಯಲ್ಲಿ ಸ್ಟೀರಿಂಗ್ ಕೈಯಿಂದ ಎಳೆದುಕೊಳ್ಳಲು ಶುರುಮಾಡುತ್ತದೆ.

ಟೈರಿನ ಮಾತೂ ಬಂದಿತ್ತು. "175/65 ಆರ್14 ಎಲ್ಲಿ ಬೇಕಾದರೂ ಸಿಗುತ್ತೆ, ಅದೇ ಹಾಕೋಣ" ಅಂದರು. ನನ್ನ 155/70 ಆರ್13ರ ಒಟ್ಟು ಎತ್ತರ 547 ಮಿ.ಮೀ. ಅವರು ಹೇಳಿದ್ದು 583. ಆರೂವರೆ ಶೇಕಡಾ ಜಾಸ್ತಿ. ಸ್ಪೀಡೋಮೀಟರ್ 100 ತೋರಿಸುವಾಗ ಗಾಡಿ ಅದರ ಮೇಲೆ ಸುಮಾರು ಆರೂವರೆ ಕಿಲೋಮೀಟರ್ ವೇಗದಲ್ಲಿ ಓಡುತ್ತಿರುತ್ತದೆ, ಗೇರ್ ಭಾರ ಅನ್ನಿಸುತ್ತದೆ, ಗುಂಡಿಯಲ್ಲಿ ಮೇಲೆ ತಾಗುತ್ತದೆ. 14 ಇಂಚೇ ಬೇಕು ಅಂದರೆ 165/60 ಸರಿ, ಅದು 554, ವ್ಯತ್ಯಾಸ ಒಂದು ಚಿಲ್ಲರೆ ಶೇಕಡಾ. ಸಿಗುತ್ತದೆ ಅನ್ನುವುದು ಹಾಕಲು ಕಾರಣ ಆಗುವುದಿಲ್ಲ.

ಹೊರಡುವಾಗ ಯಜಮಾನರಿಗೆ ನೇರವಾಗಿಯೇ ಹೇಳಿದೆ. "ನಿಮ್ಮ ಹುಡುಗ ಹೇಳಿದ್ದು ಸರಿ ಇತ್ತು, ಅವನ ಮಾತು ಕೇಳಿ." ಅವನ ಮುಂದೆಯೇ ಹೇಳಿದೆ, ಬೇಕಂತಲೇ. "ಅವನಿಗೇನು ಗೊತ್ತು ಸಾರ್, ಬಂದು ಇನ್ನೂ ಆರು ತಿಂಗಳಾಗಿಲ್ಲ" ಅಂದರು. ಹುಡುಗ ನನ್ನ ಹಳೇ ಚಕ್ರ ವಾಪಸ್ ಹಾಕುತ್ತಿದ್ದ. ಗನ್ ಮುಟ್ಟಲಿಲ್ಲ, ನಾಲ್ಕೂ ಬೋಲ್ಟ್ ಮೊದಲು ಕೈಯಲ್ಲಿ ಕೂರಿಸಿ, ಆಮೇಲೆ ಪಾನಾ ಹಿಡಿದು ಎದುರುಬದುರು ಬಿಗಿದ. ಮುಗಿದ ಮೇಲೆ ಮೆಲ್ಲಗೆ "ಸಾರ್, ಆ ನೂರು ಅನ್ನೋದನ್ನ ಹೇಗೆ ಅಳೆಯೋದು?" ಅಂತ ಕೇಳಿದ. ಕೆಳಗಿಟ್ಟಿದ್ದ ಅಲಾಯ್ ಮೇಲೆ ತೋರಿಸಿಕೊಟ್ಟೆ, ಹೊರ ಅಂಚಿನಿಂದ ಒಳ ಅಂಚಿಗೆ. ಅವನೇ ಅಳೆದ, ಸರಿಯಾಗಿ ನೂರು ಬಂತು. ಯಜಮಾನರಿಗೆ ಅವನ ಬೆಲೆ ಗೊತ್ತಿಲ್ಲ. ಬೇರೆ ಒಳ್ಳೆ ಕಡೆ ಕೆಲಸ ಸಿಗಲಿ ಅವನಿಗೆ.

ಕೊನೆಗೆ ನಾನು ತಂದದ್ದು ಇನ್ನೊಂದು ಊನೋದಿಂದ ಬಿಚ್ಚಿದ ಸ್ಟೀಲ್ ರಿಮ್‌ಗಳು. ಚೆಂದದ ಆಸೆ ಬಿಟ್ಟೆ. ಒಂದೊಂದನ್ನೂ ಹಬ್ ಮೇಲೆ ಹಾಕಿ, ಅಂಚಿಗೆ ತಾಗುವ ಹಾಗೆ ಒಂದು ತಂತಿ ನಿಲ್ಲಿಸಿ, ತಿರುಗಿಸಿ ನೋಡಿದೆ. ಔಟ್ ಇದ್ದರೆ, ಅಂದರೆ ರಿಮ್ ಸರಿಯಾಗಿ ದುಂಡಗೆ ತಿರುಗದಿದ್ದರೆ, ತಂತಿ ಒಮ್ಮೆ ಉಜ್ಜಿ ಒಮ್ಮೆ ಬಿಡುತ್ತದೆ. ಹಾಗೆ ಉಜ್ಜಿದ ಒಂದನ್ನು ವಾಪಸ್ ಕೊಟ್ಟೆ. ಬೋಲ್ಟ್ ತೂತಿನ ಸುತ್ತ ಬಿರುಕಿದೆಯಾ ಅಂತ ಟಾರ್ಚ್ ಹಿಡಿದು ನೋಡಬೇಕು, ಹಳೇ ಸ್ಟೀಲ್ ರಿಮ್ ಬಿರುಕು ಬಿಡುವುದು ಹೆಚ್ಚಾಗಿ ಅಲ್ಲೇ. ಹಬ್‌ಗೆ ತಾಗುವ ಮುಖದಲ್ಲಿ ದಪ್ಪ ಪೇಂಟ್ ಇರಬಾರದು, ಹಬ್ ಮುಖದ ತುಕ್ಕನ್ನು ವೈರ್ ಬ್ರಷ್‌ನಿಂದ ಉಜ್ಜಿ ತೆಗೆಯಬೇಕು, ಇಲ್ಲದಿದ್ದರೆ ಅದು ನಡುವೆ ಸಿಕ್ಕಿಕೊಂಡು ಆಮೇಲೆ ಉದುರಿ ಬೋಲ್ಟ್ ಸಡಿಲವಾಗುತ್ತದೆ. ಬಿಗಿದ ಮೇಲೆ ಐವತ್ತು ನೂರು ಕಿಲೋಮೀಟರ್ ಓಡಿಸಿ, ಬಿಗಿಯ ಅಳತೆ ತಿಳಿಸುವ ಟಾರ್ಕ್ ಪಾನಾದಿಂದ ಇನ್ನೊಮ್ಮೆ ನೋಡಲೇಬೇಕು. ಸ್ಟೀಲ್‌ಗೆ ಸ್ಟೀಲ್ ಆದ್ದರಿಂದ ನನ್ನ ಹಳೇ ಬೋಲ್ಟ್‌ಗಳೇ ಸಾಕಾದವು. ಅಲಾಯ್ ಹಾಕುವವರು ಮಾತ್ರ ಬೋಲ್ಟ್ ಉದ್ದ ನೋಡಿಕೊಳ್ಳಿ. ಗಿಡ್ಡವಾದರೆ ಥ್ರೆಡ್ ಹಿಡಿತ ಸಾಲದು, ಉದ್ದ ಜಾಸ್ತಿಯಾದರೆ ಹಿಂದಿನ ಡ್ರಮ್ ಒಳಗೆ ಹೋಗಿ ಬ್ರೇಕ್‌ನ ಭಾಗಗಳಿಗೆ ತಾಗಬಹುದು. ಸ್ಟೆಪ್ನಿ ಸ್ಟೀಲ್ ಆಗಿದ್ದರೆ ಅದರ ಬೋಲ್ಟ್‌ಗಳನ್ನೂ ಡಿಕ್ಕಿಯಲ್ಲಿ ಇಟ್ಟುಕೊಂಡಿರಬೇಕು.

ನಾಲ್ಕು ಚಕ್ರ ಆಯಿತು, ಸ್ಟೆಪ್ನಿಗೆ ಇನ್ನೊಂದು ರಿಮ್ ಬೇಕು. ಯಾರ ಹತ್ತಿರವಾದರೂ ಊನೋದ 13 ಇಂಚಿನ ಸ್ಟೀಲ್ ರಿಮ್ ಬೆಂಡ್ ಇಲ್ಲದ್ದು ಇದ್ದರೆ ತಿಳಿಸಿ. ಅಳೆದು ಹೇಳಿ, 98 ಇದ್ದರೆ ಮಾತ್ರ.