ಬರ್ತಿದೀನಿ, ಇರು

ನನ್ನ ಗೆಳತಿಗೆ ಮಾತು ಕಡಿಮೆ. ಫೋನಿನಲ್ಲಂತೂ ಇನ್ನೂ ಕಡಿಮೆ. ಹುಟ್ಟುಹಬ್ಬಕ್ಕೆ ಅವಳು ಒಂದು ಸಾಲಿಗಿಂತ ಜಾಸ್ತಿ ಬರೆದು ಕಳಿಸಿದ್ದು ನನಗೆ ನೆನಪಿಲ್ಲ. ಆದರೂ ಸ್ನೇಹ ಅಂದರೇನು ಅಂತ ಯಾರಾದರೂ ಕೇಳಿದರೆ, ಅಮ್ಮನ ಆಪರೇಷನ್ ದಿನ ಅವಳು ಆಡಿದ ಮಾತುಗಳೇ ಮನಸ್ಸಿಗೆ ಬರುತ್ತವೆ. ಅಷ್ಟನ್ನೂ ಸೇರಿಸಿದರೆ ಅರ್ಧ ಪೋಸ್ಟ್ ಕಾರ್ಡ್ ತುಂಬಲಿಕ್ಕಿಲ್ಲ.

ಅಮ್ಮ ಬಚ್ಚಲಲ್ಲಿ ಜಾರಿ ಬಿದ್ದಿದ್ದರು. ಸೊಂಟದ ಹತ್ತಿರ ತೊಡೆಯ ಮೂಳೆ ಮುರಿದಿತ್ತು. ವಯಸ್ಸಾದವರಿಗೆ ಇದು ಸಣ್ಣ ಪೆಟ್ಟಲ್ಲ. ಮಲಗಿದಲ್ಲೇ ಇದ್ದರೆ ಬೆನ್ನುಹುಣ್ಣು, ಎದೆಯಲ್ಲಿ ಕಫ, ಕಾಲಿನ ರಕ್ತನಾಳದಲ್ಲಿ ರಕ್ತ ಹೆಪ್ಪುಗಟ್ಟುವುದು, ಹೀಗೆ ಒಂದರ ಹಿಂದೆ ಒಂದು ತೊಂದರೆ ಶುರುವಾಗಬಹುದು. ಅದಕ್ಕೇ ಆದಷ್ಟು ಬೇಗ ಆಪರೇಷನ್ ಮಾಡಿ, ಎಬ್ಬಿಸಿ ಕೂರಿಸಲು ನೋಡುತ್ತಾರೆ. ಇದೆಲ್ಲ ನಾನು ಆಮೇಲೆ ತಿಳಿದುಕೊಂಡದ್ದು. ಆ ರಾತ್ರಿ ನನಗೆ ಗೊತ್ತಿದ್ದದ್ದು ಇಷ್ಟೇ: ಅಮ್ಮ ನೋವಿಗೆ ನರಳುತ್ತಿದ್ದಾರೆ, ಪಕ್ಕದಲ್ಲಿ ನಾನೊಬ್ಬಳೇ ಇದ್ದೀನಿ.

ಸುದ್ದಿ ತಿಳಿದವರಿಂದ ಮೆಸೇಜುಗಳು ಬರತೊಡಗಿದವು. ಧೈರ್ಯವಾಗಿರು. ಎಲ್ಲಾ ಒಳ್ಳೆಯದಾಗುತ್ತೆ. ಏನಾದ್ರೂ ಬೇಕಾದ್ರೆ ಹೇಳು, ಸಂಕೋಚ ಮಾಡ್ಕೋಬೇಡ. ಎಲ್ಲರೂ ಪ್ರೀತಿಯಿಂದಲೇ ಬರೆದಿದ್ದರು, ಅದರಲ್ಲಿ ಅನುಮಾನವಿಲ್ಲ. ಆದರೆ ಏನು ಬೇಕು ಅಂತ ಯೋಚಿಸಿ ಹೇಳುವುದೂ ಒಂದು ಕೆಲಸವೇ ಅಲ್ವಾ? ಆ ಹೊತ್ತಿಗೆ ಅಷ್ಟು ತಲೆ ಓಡುತ್ತಿರಲಿಲ್ಲ.

ಅವಳಿಗೆ ಫೋನ್ ಮಾಡಿದೆ. "ಅಮ್ಮ ಬಿದ್ಬಿಟ್ರು ಕಣೇ" ಅನ್ನುವಷ್ಟರಲ್ಲಿ ಗಂಟಲು ಕಟ್ಟಿತು.

"ಯಾವ ಆಸ್ಪತ್ರೆ?" ಅಂದಳು. ಹೇಳಿದೆ.

"ಬರ್ತಿದೀನಿ, ಇರು."

ಹೇಗಾಯ್ತು, ಯಾವಾಗಾಯ್ತು, ನೀನೆಲ್ಲಿದ್ದೆ, ಒಂದನ್ನೂ ಕೇಳಲಿಲ್ಲ. ಈ ಪ್ರಶ್ನೆಗಳಿಗೆ ಉತ್ತರ ಹೇಳಿ ಹೇಳಿ ನನಗೆ ಸಾಕಾಗಿತ್ತು. ಅವಳು ಕೇಳದೇ ಇದ್ದದ್ದೇ ನನಗೆ ದೊಡ್ಡ ಸಮಾಧಾನವಾಯಿತು.

ಬೆಳಕು ಹರಿಯುವ ಮೊದಲೇ ಬಂದಳು. ಬ್ಯಾಗಿನಿಂದ ಫೋನ್ ಚಾರ್ಜರ್, ಒಂದು ಹೊದಿಕೆ, ಸಣ್ಣ ನೋಟ್ ಬುಕ್ ತೆಗೆದಿಟ್ಟಳು. "ಕೂತ್ಕೋ" ಅಂತ ನನ್ನ ಕೈಯಿಂದ ಫೈಲ್ ತೆಗೆದುಕೊಂಡು ಕೌಂಟರಿಗೆ ಹೋದಳು. ರಾತ್ರಿಯಿಂದ ನಾನು ಕೂತೇ ಇರಲಿಲ್ಲ ಅನ್ನುವುದು ಆಗ ಗಮನಕ್ಕೆ ಬಂತು.

ಆಪರೇಷನ್ನಿಗೆ ಮೊದಲು ಡಾಕ್ಟರ್ ಬಂದು ಎಲ್ಲವನ್ನೂ ವಿವರಿಸಿದರು. ನಾನು ತಲೆಯಾಡಿಸುತ್ತಾ ನಿಂತಿದ್ದೆ. ಒಂದು ಮಾತೂ ಒಳಗೆ ಇಳಿಯುತ್ತಿರಲಿಲ್ಲ. ಡಾಕ್ಟರ್ ಹೇಳಿದ್ದರಲ್ಲಿ ಶೇಕಡಾ 40ರಿಂದ 80ರಷ್ಟನ್ನು ಜನ ಕೂಡಲೇ ಮರೆತುಬಿಡುತ್ತಾರೆ ಅಂತ 2003ರಲ್ಲಿ ಒಂದು ವೈದ್ಯಕೀಯ ಪತ್ರಿಕೆಯಲ್ಲಿ ಬಂದ ಲೇಖನ ಹೇಳುತ್ತದೆ. ಗಾಬರಿ ಇದ್ದಾಗಲಂತೂ ಮರೆಯುವುದು ಹೆಚ್ಚು. ಅವಳು ಪಕ್ಕದಲ್ಲಿ ನಿಂತು ಬರೆದುಕೊಳ್ಳುತ್ತಿದ್ದಳು. ಡಾಕ್ಟರ್ ಹೋದ ಮೇಲೆ ಹಾಳೆ ಹರಿದು ನನ್ನ ಕೈಗಿಟ್ಟಳು. ದುಂಡು ಅಕ್ಷರ, ಸಾಲಿಗೊಂದು ವಿಷಯ. ಯಾವ ಮಾತ್ರೆ ನಿಲ್ಲಿಸಿದ್ದಾರೆ. ಎಷ್ಟು ಹೊತ್ತಿನಿಂದ ನೀರೂ ಕೊಡಬಾರದು. ರಕ್ತ ಬೇಕಾದರೆ ಯಾರನ್ನು ಕೇಳಬೇಕು. ನಾಳೆಯೇ ಎಬ್ಬಿಸಿ ಕೂರಿಸಲು ನೋಡುತ್ತಾರೆ. ಎಲ್ಲಕ್ಕಿಂತ ಕೆಳಗೆ, ಸ್ವಲ್ಪ ಜಾಗ ಬಿಟ್ಟು, "ಭಯ ಬೇಡ."

"ಇದು ಡಾಕ್ಟರ್ ಹೇಳಿದ್ದಾ?" ಅಂತ ಕೇಳಿದೆ.

"ಅಲ್ಲ, ನಾನು ಬರೆದೆ."

ಅಮ್ಮನನ್ನು ಒಳಗೆ ಕರೆದುಕೊಂಡು ಹೋದ ಮೇಲೆ ಕಾಯುವುದೊಂದೇ ಉಳಿಯಿತು. ನೋಡಿಕೊಂಡು ಹೋಗಲು ಬಂದ ಹಿರಿಯರೊಬ್ಬರು ನನ್ನ ಪಕ್ಕದಲ್ಲಿ ಕೂತರು. ಇದೇ ಥರ ಬಿದ್ದ ಯಾರದೋ ಕಥೆ ಶುರು ಮಾಡಿದರು. ಅವರು ಮತ್ತೆ ಎದ್ದು ಓಡಾಡಲೇ ಇಲ್ಲ, ಕೊನೆಗೆ ಹಾಸಿಗೆ ಹಿಡಿದರು, ಹೀಗೇ ಸಾಗಿತ್ತು. ಎದ್ದು ಹೋಗುವಂತಿಲ್ಲ, ಕೇಳುವಂತಿಲ್ಲ. ನನ್ನ ಗೆಳತಿ ದೊಡ್ಡವರಿಗೆ ಎಂದೂ ಎದುರು ಮಾತಾಡಿದವಳಲ್ಲ. ಹೊಸಬರ ಮುಂದೆ ದನಿಯೇ ಏಳುವುದಿಲ್ಲ ಅವಳಿಗೆ. ಅಂಥವಳು ಅವರ ಕಡೆ ಬಾಗಿ, "ಈಗ ಬೇಡ, ಅಂಕಲ್" ಅಂದಳು. ದನಿಯಲ್ಲಿ ಸಿಟ್ಟಿರಲಿಲ್ಲ. ಅವರು ಅಲ್ಲಿಗೇ ನಿಲ್ಲಿಸಿದರು. ಅವಳ ಕಿವಿ ಕೆಂಪಾಗಿತ್ತು. ಆ ಎರಡು ಮಾತಿಗೆ ಅವಳು ಎಷ್ಟು ಗಟ್ಟಿ ಮನಸ್ಸು ಮಾಡಿರಬೇಕು ಅನ್ನುವುದು ನನಗೆ ಮಾತ್ರ ಗೊತ್ತು.

ಅಷ್ಟು ಕಡಿಮೆ ಮಾತು ಅವತ್ತು ಸಾಕಾದದ್ದು ಹೇಗೆ ಅಂತ ಆಮೇಲೆ ತುಂಬಾ ಯೋಚಿಸಿದ್ದೇನೆ. ಅವಳ ಸ್ವಭಾವವೇ ಹಾಗೆ ಅಂದುಬಿಟ್ಟರೆ ಪೂರ್ತಿ ಆಗುವುದಿಲ್ಲ. ಅದೇ "ಇರು" ಅನ್ನುವ ಮಾತನ್ನು ನಿನ್ನೆ ಪರಿಚಯವಾದವರು ಹೇಳಿದ್ದರೆ ನನಗೆ ಅಷ್ಟು ಧೈರ್ಯ ಬರುತ್ತಿರಲಿಲ್ಲ. ನಮ್ಮಿಬ್ಬರದು ಕಾಲೇಜಿನ ದಿನಗಳಿಂದ ಬಂದ ಸ್ನೇಹ. ಪರೀಕ್ಷೆಯ ಹಿಂದಿನ ರಾತ್ರಿ ಓದುವುದು ಬಿಟ್ಟು ಮಾತಾಡುತ್ತಾ ಕೂತಿದ್ದೇವೆ. ಮಾತಾಡುತ್ತಿದ್ದದ್ದು ಹೆಚ್ಚಾಗಿ ನಾನೇ, ಅವಳು ಕೇಳುತ್ತಿದ್ದಳು. ಒಮ್ಮೆ ಜಗಳವಾಡಿ ತಿಂಗಳುಗಟ್ಟಲೆ ಮಾತು ಬಿಟ್ಟಿದ್ದೆವು. ಒಂದು ದಿನ ಎದುರು ಸಿಕ್ಕಾಗ "ಸಿಟ್ಟು ಹೋಯ್ತಾ?" ಅಂದಳು. "ಹ್ಞೂಂ" ಅಂದೆ. ಜಗಳ ಅಲ್ಲಿಗೆ ಮುಗಿಯಿತು. ಯಾರದು ತಪ್ಪು ಅಂತ ಇವತ್ತಿಗೂ ತೀರ್ಮಾನ ಮಾಡಿಲ್ಲ, ಮಾಡುವ ಅಗತ್ಯವೂ ಕಂಡಿಲ್ಲ.

ಅಮೆರಿಕದ ಕಾನ್ಸಾಸ್ ವಿಶ್ವವಿದ್ಯಾಲಯದ ಜೆಫ್ರಿ ಹಾಲ್ ಎಂಬುವವರ ಅಧ್ಯಯನವೊಂದು 2018ರಲ್ಲಿ ಬಂತು. ಪರಿಚಯ ಇದ್ದವರು ಮೇಲುಮೇಲಿನ ಗೆಳೆಯರಾಗಲು ಒಟ್ಟಿಗೆ ಸುಮಾರು 50 ಗಂಟೆ ಕಳೆಯಬೇಕು, ಆಪ್ತ ಗೆಳೆಯರಾಗಲು 200 ಗಂಟೆಗೂ ಮೇಲೆ ಬೇಕು ಅನ್ನುವುದು ಅವರ ಅಂದಾಜು. ಕೆಲಸದ ಜಾಗದಲ್ಲಿ ಅಕ್ಕಪಕ್ಕ ಕೂತ ಗಂಟೆಗಳು ಅದರಲ್ಲಿ ಅಷ್ಟಾಗಿ ಲೆಕ್ಕಕ್ಕೆ ಬರಲಿಲ್ಲ. ಹರಟೆ, ನಗು, ಸುಮ್ನೆ ಜೊತೆಗಿದ್ದ ಹೊತ್ತೇ ಹೆಚ್ಚು ಲೆಕ್ಕಕ್ಕೆ ಬಂತು. ಇದನ್ನು ಓದಿದಾಗ ನನಗೆ ಖುಷಿಯಾಯಿತು. ನಾವು ಹಾಳು ಮಾಡಿದೆವು ಅಂತ ಮನೆಯವರಿಂದ ಬೈಸಿಕೊಂಡ ಹೊತ್ತೆಲ್ಲ ಎಲ್ಲಿಗೂ ಹೋಗಿರಲಿಲ್ಲ. ಅವತ್ತಿನ "ಬರ್ತಿದೀನಿ" ಅನ್ನುವ ಮಾತಿಗೆ ಬಲ ಬಂದದ್ದು ಅಲ್ಲಿಂದ. ಅಷ್ಟು ಹಿಂದಿನದು ಇಲ್ಲದಿದ್ದರೆ ಎಷ್ಟು ಚೆನ್ನಾಗಿ ಬರೆದ ಮಾತಾದರೂ ಶುಭಾಶಯ ಪತ್ರದ ಸಾಲಿನ ಹಾಗೆಯೇ ಕೇಳಿಸುತ್ತದೆ.

ಆಪರೇಷನ್ ಚೆನ್ನಾಗಿ ಆಯಿತು. ಮಾರನೇ ದಿನ ಅಮ್ಮನನ್ನು ಹಾಸಿಗೆಯ ಅಂಚಿಗೆ ಕೂರಿಸಿದರು. ಮನೆಗೆ ಹೊರಟ ಗೆಳತಿಗೆ ಏನಾದರೂ ಹೇಳಬೇಕು ಅಂತ ನಾನು ಬಾಯಿ ತೆರೆದೆ. "ಸಾಕು ಬಿಡು, ಮಲಕೋ ಹೋಗು" ಅಂದಳು. ಈಗ ಅಮ್ಮ ವಾಕರ್ ಬಿಟ್ಟು ಕೋಲು ಹಿಡಿದು ಓಡಾಡುತ್ತಾರೆ. ಅವಳ ಫೋನ್ ಬಂದರೆ ಮೊದಲು ಅವರಿಗೇ ಕೊಡಬೇಕು. ಅಮ್ಮ ಎಲ್ಲವನ್ನೂ ಹೇಳಿ ಮುಗಿಸುವವರೆಗೂ ಅವಳು ಕೇಳುತ್ತಾಳೆ.

ಮೊನ್ನೆ ಇನ್ನೊಬ್ಬ ಗೆಳತಿಯ ತಂದೆಯನ್ನು ಆಸ್ಪತ್ರೆಗೆ ಸೇರಿಸಿದ್ದರು. ಬೇಕಾದ್ರೆ ಹೇಳು ಅಂತ ನಾನು ಬರೆಯಲಿಲ್ಲ. "ನಾಳೆ ಬೆಳಿಗ್ಗೆ ಬರ್ತೀನಿ. ಮಧ್ಯಾಹ್ನದವರೆಗೆ ನಾನು ಕೂತಿರ್ತೀನಿ, ನೀನು ಮನೆಗೆ ಹೋಗಿ ಮಲಕೋ" ಅಂತ ಕಳಿಸಿದೆ. "ಸರಿ ಕಣೇ" ಅಂತ ಉತ್ತರ ಬಂತು. ಬೆಳಿಗ್ಗೆ ಹೋದೆ. ಅವಳು ಮನೆಗೆ ಹೋಗಿ ಸ್ನಾನ ಮಾಡಿ, ಒಂದಿಷ್ಟು ನಿದ್ದೆ ಮಾಡಿ ಬಂದಳು.