ಗೋಡೆ ಮೇಲಿರೋ ಆ ಗಡ್ಡದವನು ಯಾರು?

ನನ್ನ ಮೇಜಿನ ಹಿಂದಿನ ಗೋಡೆಯ ಮೇಲೆ ಒಂದು ಪೋಸ್ಟರ್ ಇದೆ. ದಪ್ಪ ಮನುಷ್ಯ, ತುಂಬು ಗಡ್ಡ, ಹಿಂದೆ ನೀಲಿ ನೀರು, ಒಂದು ಹಾಯಿದೋಣಿ. ವಿಡಿಯೋ ಕಾಲ್‌ನಲ್ಲಿ ನನಗಿಂತ ಅವನೇ ಚೆನ್ನಾಗಿ ಕಾಣುತ್ತಾನೆ. ಅದಕ್ಕೇ ಎಲ್ಲರೂ ಕೇಳುತ್ತಾರೆ. ಆಫೀಸಿನವರು ಕೇಳಿದ್ದಾರೆ, ಚಿಕ್ಕಮ್ಮ ಕೇಳಿದ್ದಾರೆ, ಗೀಸರ್ ರಿಪೇರಿಗೆ ಬಂದ ಹುಡುಗ ಕೇಳಿದ್ದಾನೆ. "ನಿಮ್ಮ ಮಾವನಾ ಸಾರ್?" ಅಂದ ಅವನ ಪ್ರಶ್ನೆಯೇ ಇವತ್ತಿನವರೆಗೆ ಬಂದಿದ್ದರಲ್ಲಿ ಮರ್ಯಾದೆಯದ್ದು.

ಒಂದು ಸಾಲಿನ ಉತ್ತರ ಸಾಕು ಅನ್ನುವವರಿಗೆ: ಅವನ ಹೆಸರು ಬುಯ್ತೊರ್ ಇಶ್ತ್ವಾನ್. ಹಂಗೇರಿಯ ನಟ. 1942ರಲ್ಲಿ ಬುಡಾಪೆಸ್ಟ್‌ನಲ್ಲಿ ಹುಟ್ಟಿ 2009ರಲ್ಲಿ ತೀರಿಕೊಂಡ. ಬುಯ್ತೊರ್ ಅನ್ನೋದು ಮನೆತನದ ಜಾಗದಲ್ಲಿರೋ ಹೆಸರು, ಅದು ಮೊದಲು ಬರುತ್ತದೆ. ಇಶ್ತ್ವಾನ್ ಅನ್ನೋದು ಅವನ ಹೆಸರು. ಊರ ಹೆಸರು, ಅಪ್ಪನ ಹೆಸರು ಮುಂದೆ ಹಾಕಿಕೊಂಡು ನಮ್ಮ ಹೆಸರನ್ನು ಕೊನೆಗೆ ತಳ್ಳುವ ನಮಗೆ ಇದನ್ನು ಬಿಡಿಸಿ ಹೇಳಬೇಕಾ? ಹೇಳಬೇಕು. ಪ್ರತಿ ಸಲವೂ ಹೇಳಬೇಕು.

ಇಷ್ಟಕ್ಕೇ ನಿಂತಿದ್ದರೆ ನಾನು ಇದನ್ನು ಬರೆಯುತ್ತಿರಲಿಲ್ಲ. ತೊಂದರೆ ಕೊಡುವವರು ಐವತ್ತು ದಾಟಿದವರು. ಅವರು ಕಣ್ಣು ಕಿರಿದು ಮಾಡಿ ನೋಡಿ, "ಏಯ್, ಇದು ಬಡ್ ಸ್ಪೆನ್ಸರ್ ಅಲ್ವಾ?" ಅನ್ನುತ್ತಾರೆ. ಎರಡೂ ಕೈಯಲ್ಲಿ ಎರಡು ತಲೆ ಹಿಡಿದು ತೆಂಗಿನಕಾಯಿ ಹಾಗೆ ಗುದ್ದಿಸುವ ಇಟಲಿಯ ದಢೂತಿ ನಟ ಅವನು, ಟೆರೆನ್ಸ್ ಹಿಲ್ ಜೊತೆಗಾರ. ಅಲ್ಲ, ಇವನು ಅವನಿಗೆ ಹಂಗೇರಿಯನ್ ಭಾಷೆಯಲ್ಲಿ ದನಿ ಕೊಟ್ಟವನು ಅಂತ ನಾನು ಹೇಳುತ್ತೇನೆ. ಆಗ ಮುಖ ಸಪ್ಪೆಯಾಗುತ್ತದೆ. "ಓ, ಡಬ್ಬಿಂಗ್ ಆರ್ಟಿಸ್ಟಾ." ಅಂಗಡಿಯಲ್ಲಿ ಕೇಳಿದ ಕಂಪನಿಯದ್ದು ಇಲ್ಲ, ಲೋಕಲ್ ಇದೆ ಅಂದಾಗ ಮಾಡುತ್ತೀವಲ್ಲ, ಅದೇ ಮುಖ.

ಹೋದ ವರ್ಷ ನಮ್ಮ ಮನೆಯಲ್ಲಿ ಸತ್ಯನಾರಾಯಣ ಪೂಜೆ ಇತ್ತು. ಲೈಟಿನ ಸರಕ್ಕೆ ಪ್ಲಗ್ ಇದ್ದಿದ್ದು ಆ ಗೋಡೆಯಲ್ಲಿ ಮಾತ್ರ. ಹಾಗಾಗಿ ಮಂಟಪ ಅಲ್ಲೇ, ಪೋಸ್ಟರಿನ ಕೆಳಗೇ. ಪೋಸ್ಟರ್ ತೆಗೆಯೋಣ ಅಂದರೆ ಹರಿಯುತ್ತದೆ, ಬಿಡೋಣ ಅಂದರೆ ದೇವರ ತಲೆ ಮೇಲೆ ಇವನು. ಕೊನೆಗೆ ಭಟ್ಟರೇ "ಇರಲಿ ಬಿಡಿ, ನೋಡೋಕೆ ಸಾತ್ವಿಕವಾಗಿದ್ದಾರೆ" ಅಂದರು. ಪೂಜೆ ಮುಗಿದು ಎಲ್ಲರ ಕೈಗೂ ಸಪಾದ ಬಂದಿತ್ತು. ನೆಂಟರೊಬ್ಬರು ತುಪ್ಪದ ಬೆರಳು ಚೀಪುತ್ತಾ ನನ್ನ ವಿವರಣೆ ಪೂರ್ತಿ ಕೇಳಿದರು. ಕೇಳಿ, ಇಡೀ ಹಾಲಿಗೆ ಕೇಳಿಸುವ ಹಾಗೆ ಹೇಳಿದರು: "ಅಂದ್ರೆ ಆರ್ಕೆಸ್ಟ್ರಾದಲ್ಲಿ ಬರ್ತಾರಲ್ಲ, ಜೂನಿಯರ್ ರಾಜ್‌ಕುಮಾರ್, ಜೂನಿಯರ್ ವಿಷ್ಣುವರ್ಧನ್ ಅಂತ, ಹಾಗೆ ಇವನು ಜೂನಿಯರ್ ಬಡ್ ಸ್ಪೆನ್ಸರ್. ಡೂಪ್ಲಿಕೇಟು!"

ಎಲ್ಲರೂ ನಕ್ಕರು. ನಾನು ನಗಲಿಲ್ಲ. ನಿಂತಲ್ಲೇ ಭಾಷಣ ಶುರು ಮಾಡಿದೆ, ನನ್ನ ಸಪಾದ ಆರಿ ಗಟ್ಟಿಯಾಯಿತು, ಅಮ್ಮ ಅಡುಗೆಮನೆ ಬಾಗಿಲಲ್ಲಿ ನಿಂತು ಸಾಕು ಅಂತ ಕಣ್ಣಲ್ಲೇ ಹೇಳಿದರೂ ನಿಲ್ಲಿಸಲಿಲ್ಲ. ಆ ಭಾಷಣವನ್ನೇ ಇಲ್ಲಿ ಬರೆದಿಡುತ್ತಿದ್ದೇನೆ. ಇನ್ನು ಮೇಲೆ ಯಾರು ಕೇಳಿದರೂ ಲಿಂಕ್ ಕಳಿಸುತ್ತೇನೆ.

ಮೊದಲು ಅಸಲಿ ಯಾರು ಅಂತ ತೀರ್ಮಾನ ಮಾಡೋಣ. ಬಡ್ ಸ್ಪೆನ್ಸರ್ ಅನ್ನೋದೇ ಅಸಲಿ ಹೆಸರಲ್ಲ. ಅವನು ನೇಪಲ್ಸ್‌ನ ಕಾರ್ಲೋ ಪೆದೆರ್ಸೋಲಿ. 1952ರ ಮತ್ತು 1956ರ ಒಲಿಂಪಿಕ್ಸ್‌ನಲ್ಲಿ ಇಟಲಿಗೆ ಈಜಿದವನು. ನೂರು ಮೀಟರ್ ಫ್ರೀಸ್ಟೈಲನ್ನು ಒಂದು ನಿಮಿಷದೊಳಗೆ ಮುಗಿಸಿದ ಮೊದಲ ಇಟಾಲಿಯನ್. ಅದೆಲ್ಲಾ ದೊಡ್ಡದೇ, ನನಗೆ ಅವನ ಮೇಲೆ ಸಿಟ್ಟಿಲ್ಲ. ಆದರೆ ಅವನ ಮಾತಿನಲ್ಲಿ ನೇಪಲ್ಸ್‌ನ ಎಳೆತ ಜಾಸ್ತಿ ಇತ್ತು. ಅದಕ್ಕೇ ಇಟಲಿಯಲ್ಲೇ, ಇಟಾಲಿಯನ್ ಭಾಷೆಯಲ್ಲೇ, ಅವನ ಹೆಚ್ಚಿನ ಚಿತ್ರಗಳಿಗೆ ಬೇರೆಯವರು ದನಿ ಕೊಟ್ಟರು. ಅದರಲ್ಲಿ ಮುಖ್ಯವಾದವನು ಗ್ಲಾವ್ಕೋ ಒನೊರಾತೊ ಅನ್ನುವ ನಟ. ಅಂದರೆ ಇಟಲಿಯ ಜನ ಬಡ್ ಸ್ಪೆನ್ಸರ್‌ನ ದನಿ ಅಂದುಕೊಂಡು ವರ್ಷಗಟ್ಟಲೆ ಕೇಳಿದ್ದು ಒನೊರಾತೊನ ದನಿಯನ್ನು. ಈಗ ಹೇಳಿ, ಡೂಪ್ಲಿಕೇಟ್ ಯಾರು? ಅಸಲಿ ಎಲ್ಲಿದೆ? ನೆಂಟರಿಗೆ ಇದನ್ನು ಹೇಳಿದಾಗ ಅವರು "ಹಂಗಾ?" ಅಂದು ಎರಡನೇ ಸಪಾದಕ್ಕೆ ಕೈ ಚಾಚಿದರು.

ಡಬ್ಬಿಂಗ್ ಅಂದರೆ ನಮಗೆ ಮೊದಲು ನೆನಪಾಗೋದು ಜಗಳ. ಅರವತ್ತರ ದಶಕದಿಂದ ಹಿಡಿದು ದಶಕಗಟ್ಟಲೆ ಕನ್ನಡದಲ್ಲಿ ಡಬ್ಬಿಂಗ್ ಚಿತ್ರ ಇರಲಿಲ್ಲ, ಬೇಕು ಬೇಡ ಅನ್ನೋದರಲ್ಲೇ ಒಂದು ತಲೆಮಾರು ಕಳೆಯಿತು. ಹಂಗೇರಿಯಲ್ಲಿ ಕಥೆ ಬೇರೆ. ಅಲ್ಲಿ ಡಬ್ಬಿಂಗ್ ಅನ್ನೋದು ನಾಟಕದವರ ಕೆಲಸ. ರಂಗಭೂಮಿಯ ದೊಡ್ಡ ದೊಡ್ಡ ನಟರೇ ಮೈಕ್ ಮುಂದೆ ನಿಂತರು. ಫ್ಲಿಂಟ್‌ಸ್ಟೋನ್ಸ್ ಕಾರ್ಟೂನಿಗೆ ರೊಮ್ಹಾನಿ ಯೋಜೆಫ್ ಅನ್ನುವವನು ಪ್ರಾಸದ ಮೇಲೆ ಪ್ರಾಸ ಹಾಕಿ ಮಾತು ಬರೆದ. ಮೂಲಕ್ಕಿಂತ ನಮ್ಮದೇ ಚೆನ್ನಾಗಿದೆ ಅಂತ ಅಲ್ಲಿನವರು ಈಗಲೂ ಎದೆ ತಟ್ಟಿ ಹೇಳುತ್ತಾರೆ. ಕೊಲಂಬೋ ಪತ್ತೇದಾರನಿಗೆ ಸಾಬೋ ಜ್ಯೂಲಾ, ಅಮೆರಿಕದ ಹಾಸ್ಯನಟ ವುಡಿ ಅಲೆನ್‌ಗೆ ಕೆರ್ನ್ ಆಂದ್ರಾಶ್, ಟೆರೆನ್ಸ್ ಹಿಲ್‌ಗೆ ಉಯ್ರೇತಿ ಲಾಸ್ಲೋ. ಯಾರಿಗೆ ಯಾರ ದನಿ ಅನ್ನೋದು ಅಲ್ಲಿ ಮನೆ ಮಾತು.

ನಾನು ಎಂ.ಎಸ್ಸಿ.ಗೆ ಎರಡು ವರ್ಷ ವೆಸ್ಪ್ರೇಮ್ ಅನ್ನುವ ಊರಲ್ಲಿದ್ದೆ. ಮನೆ ಒಡತಿ ಎಪ್ಪತ್ತು ದಾಟಿದ ಅಜ್ಜಿ. ಟೀವಿಗೆ ಬೆನ್ನು ಹಾಕಿ ಕೂತು ಆಲೂಗಡ್ಡೆ ಹೆರೆಯುತ್ತಾ ಸಿನಿಮಾ 'ನೋಡುತ್ತಿದ್ದರು'. ಒಂದು ಸಂಜೆ ಬಡ್ ಸ್ಪೆನ್ಸರ್ ಚಿತ್ರ ಹಾಕಿದ್ದರು. ಅವನು ಬಾಯಿ ಬಿಟ್ಟ ಕೂಡಲೇ ಅಜ್ಜಿ ತಿರುಗದೇ "ಪಿಶ್ತಾ" ಅಂದರು. ಪಿಶ್ತಾ ಅಂದರೆ ಇಶ್ತ್ವಾನ್, ನಮ್ಮಲ್ಲಿ ಶ್ರೀನಿವಾಸ ಸೀನ ಆಗುವ ಹಾಗೆ. ತೆರೆ ಮೇಲೆ ಇರುವವನು ಇಟಲಿಯವನು, ಅಜ್ಜಿಗೆ ಬಂದವನು ಪಿಶ್ತಾ. ಆ ದನಿ ಹೇಗಿತ್ತು ಅಂದರೆ, ಊಟ ಆಗಿ ಅರ್ಧ ನಿದ್ದೆಯಲ್ಲಿರುವ ಮನುಷ್ಯನನ್ನು ಎಬ್ಬಿಸಿದರೆ ಬರುತ್ತದಲ್ಲ, ಸಿಟ್ಟಿಲ್ಲ, ಆದರೆ ಇನ್ನೊಂದು ಸಲ ಎಬ್ಬಿಸಿದರೆ ಏಟು ಬೀಳುತ್ತದೆ, ಆ ಥರದ್ದು. ಹಂಗೇರಿಯನ್‌ನಲ್ಲಿ ಪ್ರತಿ ಪದದ ಮೊದಲ ಅಕ್ಷರದ ಮೇಲೇ ಒತ್ತು. ಗುದ್ದುವ ಮನುಷ್ಯನಿಗೆ ಹೇಳಿ ಮಾಡಿಸಿದ ಭಾಷೆ. ತುಟಿಗೆ ಮಾತು ಹೊಂದಿಸುವ ಕಷ್ಟಕ್ಕೆ ಬಡ್ ಸ್ಪೆನ್ಸರ್‌ನ ಗಡ್ಡವೂ ಸಹಾಯ ಮಾಡಿರಬೇಕು ಅಂತ ನನ್ನ ಗುಮಾನಿ.

ಆದರೆ ಬುಯ್ತೊರ್ ಬರೀ ದನಿಯಲ್ಲ, ಇದನ್ನು ದಪ್ಪ ಅಕ್ಷರದಲ್ಲಿ ಓದಿಕೊಳ್ಳಿ. ಅವನು ನಾಟಕ ಶಾಲೆಯ ಮೆಟ್ಟಿಲು ಹತ್ತಿದವನೇ ಅಲ್ಲ. ಓದಿದ್ದು ಅರ್ಥಶಾಸ್ತ್ರ, ಅದೂ ಕಾರ್ಲ್ ಮಾರ್ಕ್ಸ್ ಹೆಸರಿನ ವಿಶ್ವವಿದ್ಯಾಲಯದಲ್ಲಿ. ಅರವತ್ತರ ದಶಕದಿಂದಲೇ ಸಿನಿಮಾಗಳಲ್ಲಿ ಕಾಣಿಸಿಕೊಂಡ. 1980ರ ಹೊತ್ತಿಗೆ ಅವನ ತಲೆಯಲ್ಲಿ ಒಂದು ಯೋಚನೆ ಬಂತು: ಗುದ್ದಾಡುವ ದಪ್ಪ ಪೊಲೀಸಿನವನು ಇಟಲಿಯಲ್ಲೇ ಯಾಕಿರಬೇಕು? ಆಗ ಹಂಗೇರಿಯಲ್ಲಿ ಇದ್ದಿದ್ದು ಸಮಾಜವಾದಿ ಸರ್ಕಾರ, ಪೊಲೀಸರನ್ನು ತಮಾಷೆ ಮಾಡೋದು ಅಷ್ಟು ಸಲೀಸಲ್ಲ. ಆದರೂ 'ಪೇಗನ್ ಮಡೋನಾ' ತಯಾರಾಯಿತು. ಹೀರೋ ಹೆಸರು ಓತ್ವೋಶ್ ಚೋಪಿ. ಓತ್ವೋಶ್ ಅಂದರೆ ಅಕ್ಕಸಾಲಿ. ಚೋಪಿ ಅಂದರೆ ಪುಟ್ಟ, ಪುಟಾಣಿ. ಬಾಗಿಲು ತುಂಬುವ ಆಳಿಗೆ ಅಕ್ಕಸಾಲಿ ಪುಟ್ಟ ಅಂತ ಹೆಸರು! ಅವನ ಜೊತೆಗಾರ ಕಾರ್ದೋಶ್ ಡಾಕ್ಟರ್ ಪಾತ್ರಕ್ಕೆ ಕೆರ್ನ್ ಆಂದ್ರಾಶ್. ಅಂದರೆ ಬಡ್ ಸ್ಪೆನ್ಸರ್‌ನ ದನಿಯೂ ವುಡಿ ಅಲೆನ್‌ನ ದನಿಯೂ ಸೇರಿಕೊಂಡು ಬಾಲಾತೋನ್ ಸರೋವರದಲ್ಲಿ ಕಳ್ಳರನ್ನು ಹಿಡಿಯುತ್ತಾರೆ. ಕಣ್ಣು ಮುಚ್ಚಿ ಕೇಳಿದರೆ ಅದು ಬೇರೆಯೇ ಸಿನಿಮಾ.

ಬಾಲಾತೋನ್ 77 ಕಿಲೋಮೀಟರ್ ಉದ್ದ, ಸರಾಸರಿ ಆಳ ಮೂರು ಮೀಟರ್ ಅಷ್ಟೇ. ಕಡಲಿಲ್ಲದ ದೇಶಕ್ಕೆ ಅದೇ ಕಡಲು. ಬುಯ್ತೊರ್ ಅಲ್ಲಿ ನಿಜಕ್ಕೂ ಹಾಯಿದೋಣಿ ನಡೆಸುತ್ತಿದ್ದ, ಸ್ಪರ್ಧೆಗೆ ಇಳಿಯುತ್ತಿದ್ದ. ಸಿನಿಮಾದಲ್ಲಿ ಹಗ್ಗ ಎಳೆಯುವ ಕೈ ನೋಡಿದರೇ ಗೊತ್ತಾಗುತ್ತದೆ, ಅದು ಕಲಿಸಿ ಮಾಡಿಸಿದ್ದಲ್ಲ. 1991ರವರೆಗೆ ಚೋಪಿಯ ನಾಲ್ಕು ಚಿತ್ರ ಬಂದವು. ನಾಲ್ಕನೆಯದನ್ನು ಅವನೇ ನಿರ್ದೇಶಿಸಿದ. ನಾಲ್ಕೂ ಚೆನ್ನಾಗಿವೆ ಅಂತ ನಾನೇನು ಸುಳ್ಳು ಹೇಳಲ್ಲ. ಮೊದಲೆರಡು ನೋಡಿ, ಸಾಕು.

ಪೋಸ್ಟರ್ ಸಿಕ್ಕಿದ್ದೂ ಅದೇ ಸರೋವರದ ದಡದಲ್ಲಿ. ಬಾಲಾತೋನ್‌ಫ್ಯೂರೆಡ್ ಅನ್ನುವ ಊರಿಗೆ ನಾನು ಹೋಗಿದ್ದು ರವೀಂದ್ರನಾಥ ಠಾಕೂರರಿಗಾಗಿ. 1926ರಲ್ಲಿ ಅವರು ಹೃದಯದ ಚಿಕಿತ್ಸೆಗೆ ಅಲ್ಲಿದ್ದರು, ಒಂದು ಗಿಡ ನೆಟ್ಟರು, ಈಗ ದಡದ ಕಾಲುದಾರಿಗೆ ಅವರದೇ ಹೆಸರು. ಅದೇ ಊರಲ್ಲಿ ಬುಯ್ತೊರ್ ಪ್ರತಿಮೆಯೂ ಇದೆ. ಠಾಕೂರರನ್ನು ನೋಡಲು ಹೋಗಿ ಇವನನ್ನು ಸುತ್ತಿಕೊಂಡು ಬಂದೆ. ಗಡ್ಡಕ್ಕೆ ಗಡ್ಡ ಸರಿಹೋಯಿತು ಅಂತ ನಮ್ಮಮ್ಮ ಈಗಲೂ ಅಣಕಿಸುತ್ತಾರೆ.

ಇಷ್ಟು ಜನ ಇಷ್ಟು ವರ್ಷ ಇಷ್ಟು ಥರ ಕೇಳಿದ್ದೀರಲ್ಲ, ಒಬ್ಬರಾದರೂ ಅವನ ಮನೆಯಲ್ಲಿ ಇನ್ನು ಯಾರ್ಯಾರಿದ್ದರು ಅಂತ ಕೇಳಿದ್ದೀರಾ? ಹೆಣ್ಣು ನೋಡಲು ಹೋದರೆ ಮೊದಲ ಪ್ರಶ್ನೆಯೇ ಅದು. ಇವನ ವಿಷಯದಲ್ಲಿ ಮಾತ್ರ ಯಾರಿಗೂ ಬೇಡ.

ಇವನ ತಾಯಿ ಗುಂಡೆಲ್ ಕಾತಲಿನ್. ಬುಡಾಪೆಸ್ಟ್‌ನ ಹೆಸರಾಂತ ಹೋಟೆಲುಗಾರ ಗುಂಡೆಲ್ ಕಾರೋಯ್ ಮಗಳು. ಆಕೆಗೆ ಮೂರು ಗಂಡುಮಕ್ಕಳು, ಮೂವರಿಗೂ ಮೂರು ಮನೆತನದ ಹೆಸರು. ಮೊದಲ ಗಂಡನಿಂದ ಲಾತಿನೋವಿಚ್ ಜೋಲ್ತಾನ್. ಎರಡನೇ ಗಂಡ, ಡಾಕ್ಟರ್ ಫ್ರೆನ್‌ರೈಸ್‌ನಿಂದ ಇಶ್ತ್ವಾನ್ ಮತ್ತು ಕಾರೋಯ್. ಚಿಕ್ಕವನು ಕಾರೋಯ್ ಫ್ರೆನ್‌ರೈಸ್ ಆಗಿಯೇ ಉಳಿದು ರಾಕ್ ಸಂಗೀತಗಾರನಾದ, ಚೋಪಿ ಚಿತ್ರಕ್ಕೆ ಸಂಗೀತ ಕೊಟ್ಟಿದ್ದೂ ಅವನೇ. ನಡುವಿನವನು ತೆರೆ ಮೇಲೆ ಬುಯ್ತೊರ್ ಆದ.

ದೊಡ್ಡವನು ಲಾತಿನೋವಿಚ್. ಹಂಗೇರಿಯಲ್ಲಿ ಈ ಹೆಸರು ಹೇಳಿದರೆ ದನಿ ತಗ್ಗಿಸುತ್ತಾರೆ. ನಟರ ರಾಜ ಅಂತಲೇ ಕರೆಯುತ್ತಾರೆ. ಅವನೂ ನಾಟಕ ಶಾಲೆಗೆ ಹೋದವನಲ್ಲ, ಆರ್ಕಿಟೆಕ್ಚರ್ ಓದಿ ರಂಗಕ್ಕೆ ಬಂದವನು. 1971ರ 'ಸಿಂದ್‌ಬಾದ್' ಚಿತ್ರದಲ್ಲಿ ಅವನು ಊಟ ಮಾಡುವ ಒಂದು ದೃಶ್ಯವಿದೆ. ಮೂಳೆಯೊಳಗಿನ ಮಜ್ಜೆ ತಿನ್ನುತ್ತಾನೆ, ಅಷ್ಟೇ. ಪೂರ್ತಿ ಸಸ್ಯಾಹಾರಿಯಾದ ನಾನು ಅದನ್ನು ನಾಲ್ಕು ಸಲ ನೋಡಿದ್ದೇನೆ. ಅವನು ಕವಿತೆ ಓದಿದ ರೆಕಾರ್ಡುಗಳನ್ನು ಅಜ್ಜಿ ಗಾಜಿನ ಕಪಾಟಿನಲ್ಲಿಟ್ಟಿದ್ದರು, ನನ್ನನ್ನು ಮುಟ್ಟಲು ಬಿಡುತ್ತಿರಲಿಲ್ಲ. 1976ರ ಜೂನ್ 4ರಂದು ಬಾಲಾತೋನ್ ದಡದ ಬಾಲಾತೋನ್‌ಸೆಮೆಶ್‌ನಲ್ಲಿ ರೈಲಿಗೆ ಸಿಕ್ಕಿ ತೀರಿಕೊಂಡ. ನಲವತ್ತನಾಲ್ಕು ವರ್ಷ. ಆತ್ಮಹತ್ಯೆ ಅನ್ನುವವರಿದ್ದಾರೆ, ಅಪಘಾತ ಅನ್ನುವವರಿದ್ದಾರೆ, ಆ ವಾದ ಇನ್ನೂ ಮುಗಿದಿಲ್ಲ.

ಈಗ ತಮ್ಮನ ಜಾಗದಲ್ಲಿ ನಿಂತು ನೋಡಿ. ಹನ್ನೊಂದು ವರ್ಷ ದೊಡ್ಡವನಾದ ಅಣ್ಣ ದೇಶಕ್ಕೇ ರಾಜ. ನೀನೂ ಅದೇ ಕೆಲಸಕ್ಕೆ ಇಳಿದಿದ್ದೀಯ. 1974ರ 'ಪೆಂಡ್ರಾಗನ್ ಕಥೆ' ಅನ್ನುವ ಚಿತ್ರದಲ್ಲಿ ಇಬ್ಬರೂ ಇದ್ದಾರೆ. ಅಣ್ಣ ಹಳೇ ಕೋಟೆಯ ಗಂಭೀರ ಒಡೆಯ, ತಮ್ಮ ಬಡಾಯಿ ಕೊಚ್ಚುವ ಐರಿಷ್ ಸಾಹಸಿ. ಎರಡೇ ವರ್ಷಕ್ಕೆ ಅಣ್ಣ ಇಲ್ಲ. ಅದಾದ ನಾಲ್ಕು ವರ್ಷಕ್ಕೆ ತಮ್ಮ ಏನು ಮಾಡಿದ? ಹ್ಯಾಮ್ಲೆಟ್ ಮಾಡಿ ಅಣ್ಣನ ಸಮ ನಿಲ್ಲಲು ಹೋಗಲಿಲ್ಲ. ಅದೇ ಸರೋವರದ ಮೇಲೆ ದೋಣಿ ಬಿಟ್ಟು, ಪುಟ್ಟ ಅಂತ ಹೆಸರಿಟ್ಟುಕೊಂಡು, ಕಳ್ಳರ ನೆತ್ತಿ ಮೇಲೆ ಕುಟ್ಟಿ ಊರೆಲ್ಲಾ ನಗಿಸಿದ. ಯಾಕೆ? ನನ್ನನ್ನು ಕೇಳಬೇಕಾಗಿದ್ದ ಪ್ರಶ್ನೆ ಇದು. ಉತ್ತರ ನನ್ನ ಹತ್ತಿರ ಇದೆ ಅಂತಲ್ಲ, ಅದರ ಬಗ್ಗೆ ಮಾತಾಡುವ ಆಸೆ ಇದೆ. ಕೊನೆಗೆ 2008ರಲ್ಲಿ ವೆಸ್ಪ್ರೇಮ್‌ನ ಪೆತೋಫಿ ರಂಗಮಂದಿರಕ್ಕೆ ಅವನೇ ನಿರ್ದೇಶಕನಾದ, ಎಪ್ಪತ್ತರ ದಶಕದಲ್ಲಿ ಅಣ್ಣ ಕೆಲಸ ಮಾಡಿದ್ದ ಅದೇ ರಂಗಮಂದಿರ. ನಮ್ಮ ಅಜ್ಜಿ ಮನೆಯಿಂದ ನಡೆದು ಹೋಗುವಷ್ಟು ಹತ್ತಿರ. 1908ರ ಕಟ್ಟಡ, ಕಾಂಕ್ರೀಟಿನದ್ದು ಅಂದರೆ ನಂಬಲಾಗದಷ್ಟು ಚೆಂದ. ಮರುವರ್ಷವೇ ಅವನು ತೀರಿಕೊಂಡ.

ನನಗೂ ಒಬ್ಬ ಅಣ್ಣ ಇದ್ದಾನೆ. ಇಂಜಿನಿಯರಿಂಗ್‌ನಲ್ಲಿ ರ‍್ಯಾಂಕ್ ತೆಗೆದು ಅಮೆರಿಕಕ್ಕೆ ಹೋದವನು. ನಮ್ಮ ಬೀದಿಯವರು ಈಗಲೂ ನನ್ನನ್ನು ಅವನ ಹೆಸರು ಹಿಡಿದೇ ಗುರುತಿಸುತ್ತಾರೆ. ಅದಕ್ಕೂ ಈ ಪೋಸ್ಟರಿಗೂ ಸಂಬಂಧ ಇಲ್ಲ, ಸುಮ್ನೆ ಹೇಳಿದೆ.

ಡಿಸೆಂಬರ್‌ನಲ್ಲಿ ಅವನು ರಜಕ್ಕೆ ಬಂದಿದ್ದ. ಪೋಸ್ಟರ್ ಮುಂದೆ ನಿಂತ, ಅದೇ ಪ್ರಶ್ನೆ ಕೇಳಿದ. ನಾನು ಶುರುವಿನಿಂದ ಎಲ್ಲಾ ಹೇಳಿದೆ: ದನಿ, ದೋಣಿ, ಚೋಪಿ, ಮೂವರು ಅಣ್ಣತಮ್ಮಂದಿರು, ರೈಲು. ಅವನು ಅಡ್ಡ ಬಾಯಿ ಹಾಕದೆ ಕೇಳಿದ, ಮೊಬೈಲ್ ಕೂಡ ಮುಟ್ಟಲಿಲ್ಲ. ಎಲ್ಲಾ ಮುಗಿದ ಮೇಲೆ ಒಂದು ಕ್ಷಣ ಗೋಡೆ ನೋಡಿ ಅಂದ:

"ಆ ಅಣ್ಣನ ಪೋಸ್ಟರ್ ಸಿಗಲಿಲ್ವಾ?"

ನಾನು ಕಾಫಿಗೆ ನೀರಿಡಲು ಒಳಗೆ ಹೋದೆ.